ಜುಟ್ಟು ಯಾರ ಕೈಯಲ್ಲಿದೆ? ವಲಸಿಗ ಸಮುದಾಯಗಳು ಮತ್ತು ಅಮೆರಿಕದ ವಿದೇಶಾಂಗ ನೀತಿ

2025ರ ಆಗಸ್ಟ್‌ನಲ್ಲಿ ಅಮೆರಿಕ ಭಾರತದ ಬಹಳಷ್ಟು ಸರಕುಗಳ ಮೇಲಿನ ಸುಂಕವನ್ನು ಶೇ. 50ಕ್ಕೆ ಏರಿಸಿತು. ಸೆಪ್ಟೆಂಬರ್‌ನಲ್ಲಿ ಹೊಸ ಎಚ್‌-1ಬಿ ಉದ್ಯೋಗ ವೀಸಾ ಅರ್ಜಿಗಳಿಗೆ ಒಂದು ಲಕ್ಷ ಡಾಲರ್ ಶುಲ್ಕ ಎಂಬ ಘೋಷಣೆ ಬಂತು. ಮಕ್ಕಳು, ಅಳಿಯಂದಿರು ಅಲ್ಲಿರುವ ಬೆಂಗಳೂರು, ಮೈಸೂರು, ಮಂಗಳೂರಿನ ಮನೆಗಳಲ್ಲಿ ಆಗ ಎದ್ದ ಪ್ರಶ್ನೆ ಒಂದೇ. ಅಲ್ಲಿ ನಮ್ಮವರು ಹತ್ತಿರ ಹತ್ತಿರ 50 ಲಕ್ಷ ಜನ ಇದ್ದಾರೆ. ದೊಡ್ಡ ಕಂಪನಿಗಳ ಮುಖ್ಯಸ್ಥರಿದ್ದಾರೆ. ಅಲ್ಲಿನ ಸಂಸತ್ತಿನ ಕೆಳಮನೆಯಲ್ಲಿ ಭಾರತೀಯ ಮೂಲದ ಆರು ಸದಸ್ಯರಿದ್ದಾರೆ. ಅವರಲ್ಲಿ ಒಬ್ಬರಾದ ಶ್ರೀ ಠಾಣೇದಾರ್ ಬೆಳೆದದ್ದೇ ನಮ್ಮ ಬೆಳಗಾವಿಯಲ್ಲಿ. ಇಷ್ಟೆಲ್ಲ ಇದ್ದೂ ತಡೆಯಲು ಯಾಕೆ ಆಗಲಿಲ್ಲ?

ಪ್ರಶ್ನೆ ನ್ಯಾಯವಾದದ್ದೇ. ಆದರೆ ಅದರೊಳಗೆ ಒಂದು ತಪ್ಪು ಲೆಕ್ಕ ಕೂತಿದೆ. ಜನ ಹೆಚ್ಚಿದ್ದರೆ, ದುಡ್ಡು ಹೆಚ್ಚಿದ್ದರೆ ವಿದೇಶಾಂಗ ನೀತಿ ತಾನಾಗಿ ಬಾಗುತ್ತದೆ ಎಂಬ ಲೆಕ್ಕ ಅದು. ಅಮೆರಿಕದ ವಲಸಿಗ ಸಮುದಾಯಗಳ ಕಳೆದ ಐವತ್ತು ವರ್ಷಗಳ ಅನುಭವ ಬೇರೆಯದನ್ನೇ ಹೇಳುತ್ತದೆ. ಯಾವ ವಿಷಯದಲ್ಲಿ ಅಧ್ಯಕ್ಷರ ಜುಟ್ಟು ಕಾಂಗ್ರೆಸ್ಸಿನ ಕೈಯಲ್ಲಿದೆಯೋ ಅಲ್ಲಿ ಸಣ್ಣ ಸಮುದಾಯವೂ ಗೆದ್ದಿದೆ. ಇಲ್ಲದ ಕಡೆ ದೊಡ್ಡದೂ ಸೋತಿದೆ. ಕಾಂಗ್ರೆಸ್ ಎಂದರೆ ಇಲ್ಲಿ ಅಮೆರಿಕದ ಸಂಸತ್ತು: 435 ಸದಸ್ಯರ ಕೆಳಮನೆ, 100 ಸದಸ್ಯರ ಸೆನೆಟ್. ಇನ್ನು ಗೆದ್ದ ಮೇಲೆ ಕೈಗೆ ಬಂದದ್ದು ಎಷ್ಟು ಎಂಬುದನ್ನೂ ನೋಡಬೇಕು. ಇವೆರಡಕ್ಕೂ ಸೈಪ್ರಸ್‌ಗಿಂತ ಒಳ್ಳೆಯ ಉದಾಹರಣೆ ಸಿಗುವುದಿಲ್ಲ. ಅದನ್ನೇ ಸ್ವಲ್ಪ ಬಿಡಿಸಿ ನೋಡೋಣ.

1974ರ ಜುಲೈ 15. ಗ್ರೀಕ್ ಭಾಷಿಕರೇ ಹೆಚ್ಚಿರುವ ಮೆಡಿಟರೇನಿಯನ್ ದ್ವೀಪದೇಶ ಸೈಪ್ರಸ್‌ನ ಅಧ್ಯಕ್ಷ ಮಕಾರಿಯೋಸ್ ಅವರ ವಿರುದ್ಧ ಕ್ಷಿಪ್ರಕ್ರಾಂತಿ ನಡೆಯಿತು. ಅದರ ಹಿಂದೆ ಇದ್ದದ್ದು ಗ್ರೀಸಿನ ರಾಜಧಾನಿ ಅಥೆನ್ಸ್‌ನ ಸೇನಾ ಸರ್ಕಾರ. ಐದು ದಿನಕ್ಕೆ, ಜುಲೈ 20ರಂದು, ದ್ವೀಪದ ತುರ್ಕಿ ಭಾಷಿಕರನ್ನು ಕಾಪಾಡುತ್ತೇವೆ ಎಂದು ಟರ್ಕಿ ಸೇನೆ ಇಳಿಸಿತು. ಅಷ್ಟರಲ್ಲೇ ಅಥೆನ್ಸ್‌ನ ಸೇನಾ ಸರ್ಕಾರ ಕುಸಿದುಬಿತ್ತು, ಜಿನೀವಾದಲ್ಲಿ ಮಾತುಕತೆಯೂ ಶುರುವಾಯಿತು. ಆದರೂ ಆಗಸ್ಟ್ 14ರಂದು ಟರ್ಕಿ ಎರಡನೇ ಬಾರಿ ಮುನ್ನುಗ್ಗಿ ದ್ವೀಪದ ಮೂರನೇ ಒಂದು ಭಾಗಕ್ಕೂ ಹೆಚ್ಚು ನೆಲವನ್ನು ಹಿಡಿದುಕೊಂಡಿತು. ಬಳಕೆಯಾದದ್ದು ಅಮೆರಿಕ ಕೊಟ್ಟ ಆಯುಧಗಳು.

ಗ್ರೀಕ್ ಅಮೆರಿಕನ್ನರಿಗೆ ಹಿಡಿದುಕೊಳ್ಳಲು ಜುಟ್ಟು ಸಿಕ್ಕಿದ್ದು ಇಲ್ಲಿ. 1961ರ ವಿದೇಶಿ ನೆರವು ಕಾಯ್ದೆ ಮತ್ತು 1968ರ ವಿದೇಶಿ ಶಸ್ತ್ರಾಸ್ತ್ರ ಮಾರಾಟ ಕಾಯ್ದೆ ಎರಡರಲ್ಲೂ ಸ್ಪಷ್ಟವಾಗಿ ಬರೆದಿತ್ತು: ಅಮೆರಿಕ ಕೊಟ್ಟ ಆಯುಧ ಆತ್ಮರಕ್ಷಣೆಗೆ, ಆಂತರಿಕ ಭದ್ರತೆಗೆ ಮಾತ್ರ, ಮೀರಿದ ದೇಶ ಮುಂದಿನ ನೆರವಿಗೆ ಅನರ್ಹ. ಹೋರಾಟ ಮುನ್ನಡೆಸಿದ ಜಾನ್ ಬ್ರಾಡೆಮಸ್ ಕೆಳಮನೆಯ ಸದಸ್ಯರು, ಗ್ರೀಕ್ ವಲಸಿಗನ ಮಗ. ಆದರೆ ಇಂಡಿಯಾನ ರಾಜ್ಯದ ಅವರ ಕ್ಷೇತ್ರದಲ್ಲಿ ಗ್ರೀಕ್ ಮತದಾರರು ಬೆರಳೆಣಿಕೆಯಷ್ಟು. ಜೊತೆಗಿದ್ದ ಪಾಲ್ ಸಾರ್ಬೇನ್ಸ್ ಕೂಡ ಗ್ರೀಕ್ ಮೂಲದವರೇ. ಬೆಂಜಮಿನ್ ರೊಸೆಂಥಾಲ್ ಮತ್ತು ಸೆನೆಟರ್ ಥಾಮಸ್ ಈಗಲ್ಟನ್ ಅವರಿಗೆ ಗ್ರೀಸಿನ ನಂಟೇ ಇರಲಿಲ್ಲ. ಇವರು ಯಾರೂ ‘ಗ್ರೀಸಿನ ಪರ ನಿಲ್ಲಿ’ ಎಂದು ಕೇಳಲಿಲ್ಲ. ‘ನಮ್ಮದೇ ಕಾನೂನನ್ನು ಜಾರಿ ಮಾಡಿ’ ಎಂದರು. ಗ್ರೀಸ್ ಎಲ್ಲಿದೆ ಎಂದು ತಲೆ ಕೆಡಿಸಿಕೊಳ್ಳದ ಸದಸ್ಯನೂ ಈ ಮಾತಿಗೆ ಇಲ್ಲ ಎನ್ನಲಾರ. ನನ್ನ ಮಟ್ಟಿಗೆ ಇಡೀ ಪ್ರಕರಣದ ಜೀವಾಳ ಈ ಒಂದು ವಾಕ್ಯ.

ಹೊರಗಿನ ಒತ್ತಡವೂ ರಾತ್ರೋರಾತ್ರಿ ಹುಟ್ಟಿದ್ದಲ್ಲ. ಅಹೆಪಾ ಎಂಬ ಗ್ರೀಕ್ ಸಂಘ 1922ರಲ್ಲೇ ಅಟ್ಲಾಂಟಾದಲ್ಲಿ ಆರಂಭವಾಗಿತ್ತು. ವಲಸಿಗರ ಮೇಲೆ ಹಗೆ ಕಾರುತ್ತಿದ್ದ ಕು ಕ್ಲಕ್ಸ್ ಕ್ಲಾನ್‌ನಿಂದ ತಮ್ಮವರನ್ನು ಕಾಪಾಡಿಕೊಳ್ಳುವುದು ಆಗಿನ ಉದ್ದೇಶ. ಅರ್ಧ ಶತಮಾನದಲ್ಲಿ ಊರೂರಲ್ಲಿ ಅದರ ಶಾಖೆಗಳಾಗಿದ್ದವು, ಚರ್ಚುಗಳಲ್ಲಿ ವಾರವಾರ ಸೇರುವ ಜನ ಇದ್ದರು, ವಿಳಾಸಗಳ ಪಟ್ಟಿ ಇತ್ತು. 1974ರಲ್ಲಿ ಖಜಾನೆ ಇಲಾಖೆಯ ಮಾಜಿ ಅಧಿಕಾರಿ ಯೂಜಿನ್ ರೊಸಿಡಿಸ್ ವಾಷಿಂಗ್ಟನ್‌ನಲ್ಲಿ ಅಮೆರಿಕನ್ ಹೆಲೆನಿಕ್ ಇನ್‌ಸ್ಟಿಟ್ಯೂಟ್ ಕಟ್ಟಿದರು. ಎದುರು ಪಾಳಯದಲ್ಲಿ ಸಂಘಟಿತ ಟರ್ಕಿ ಅಮೆರಿಕನ್ನರು ಇರಲೇ ಇಲ್ಲ ಎನ್ನಬಹುದು. ಕಾಲವೂ ಕೂಡಿಬಂತು. ಆಗಸ್ಟ್ 9ರಂದು ಅಧ್ಯಕ್ಷ ನಿಕ್ಸನ್ ರಾಜೀನಾಮೆ ಕೊಟ್ಟಿದ್ದರು. ಅವರ ಜಾಗಕ್ಕೆ ಬಂದ ಫೋರ್ಡ್ ಹೊಸಬರು. ವಿಯೆಟ್ನಾಂ ಯುದ್ಧ ಮತ್ತು ವಾಟರ್‌ಗೇಟ್ ಹಗರಣಗಳಿಂದ ಕೆರಳಿದ್ದ ಕಾಂಗ್ರೆಸ್, ಅಧ್ಯಕ್ಷರು ಮುಷ್ಟಿಯಲ್ಲಿಟ್ಟುಕೊಂಡಿದ್ದ ಅಧಿಕಾರವನ್ನು ವಾಪಸ್ ಕಿತ್ತುಕೊಳ್ಳುವ ಹುರುಪಿನಲ್ಲಿತ್ತು.

ಟರ್ಕಿಗೆ ಸೇನಾ ನೆರವು ನಿಲ್ಲಿಸುವ ಮಸೂದೆಗಳ ಮೇಲೆ ಫೋರ್ಡ್ ಅಕ್ಟೋಬರ್‌ನಲ್ಲಿ ಎರಡು ಸಲ ವೀಟೊ ಚಲಾಯಿಸಿದರು. ಕೊನೆಗೆ ಸ್ವಲ್ಪ ಕಾಲಾವಕಾಶ ಕೊಟ್ಟು ರಾಜಿಯಾಯಿತು. 1975ರ ಫೆಬ್ರುವರಿ 5ರಂದು ಟರ್ಕಿಗೆ ಆಯುಧ ನಿರ್ಬಂಧ ಜಾರಿಗೆ ಬಂತು. ಸೋವಿಯತ್ ಒಕ್ಕೂಟದ ಗಡಿಯಲ್ಲಿದ್ದ ನೇಟೊ ಮಿತ್ರದೇಶಕ್ಕೆ, ಅಧ್ಯಕ್ಷರ ಮತ್ತು ವಿದೇಶಾಂಗ ಸಚಿವ ಕಿಸಿಂಜರ್ ಅವರ ಇಚ್ಛೆಯ ವಿರುದ್ಧ ಆಯುಧ ನಿಂತಿತು. ವಲಸಿಗ ಸಮುದಾಯವೊಂದಕ್ಕೆ ಇದಕ್ಕಿಂತ ದೊಡ್ಡ ಗೆಲುವು ಸಿಗುವುದು ಅಪರೂಪ.

ಆಮೇಲೆ ನಡೆದದ್ದನ್ನು ನೋಡಿ. 1975ರ ಜುಲೈ 24ರಂದು ನಿರ್ಬಂಧ ತೆಗೆಯುವ ಪ್ರಯತ್ನ ಕೆಳಮನೆಯಲ್ಲಿ 223-206ರಿಂದ ಬಿದ್ದುಹೋಯಿತು. ಮರುದಿನವೇ ಟರ್ಕಿ ತನ್ನ ನೆಲದ ಅಮೆರಿಕನ್ ನೆಲೆಗಳ ಕೆಲಸ ನಿಲ್ಲಿಸುವುದಾಗಿ ಘೋಷಿಸಿತು. ಸೋವಿಯತ್ ಕ್ಷಿಪಣಿ ಪರೀಕ್ಷೆಗಳ ಮೇಲೆ ಕಣ್ಣಿಟ್ಟಿದ್ದ ಕೇಂದ್ರಗಳೂ ಅದರಲ್ಲಿ ಸೇರಿದ್ದವು. ಅದೇ ಅಕ್ಟೋಬರ್‌ಗೆ ಕಾಂಗ್ರೆಸ್ ನಿರ್ಬಂಧವನ್ನು ಭಾಗಶಃ ಸಡಿಲಿಸಿತು. 1978ರಲ್ಲಿ ಅಧ್ಯಕ್ಷ ಕಾರ್ಟರ್ ಪೂರ್ತಿ ತೆಗೆಯಲು ಪಟ್ಟುಹಿಡಿದರು. ಆಗಸ್ಟ್ 1ರಂದು ಕೆಳಮನೆಯಲ್ಲಿ 208-205, ಮೂರೇ ಮತದ ಅಂತರದಲ್ಲಿ ಕೆಲಸ ಮುಗಿಯಿತು. ಟರ್ಕಿಯ ಸೈನಿಕರು ಸೈಪ್ರಸ್ಸಿನಿಂದ ಕದಲಲಿಲ್ಲ. 1983ರಲ್ಲಿ ಉತ್ತರ ಸೈಪ್ರಸ್ ತಾನು ಸ್ವತಂತ್ರ ಎಂದು ಘೋಷಿಸಿಕೊಂಡಿತು. ಅದನ್ನು ಮಾನ್ಯ ಮಾಡಿದ ದೇಶ ಟರ್ಕಿ ಒಂದೇ.

ಹಾಗಾದರೆ ಉಳಿದದ್ದೇನು? ಎರಡು ಸಣ್ಣ ಸಂಗತಿಗಳು. ಟರ್ಕಿಗೆ 10 ಡಾಲರ್ ಸೇನಾ ನೆರವು ಕೊಟ್ಟರೆ ಗ್ರೀಸಿಗೆ 7 ಡಾಲರ್ ಎಂಬ ಅನುಪಾತವನ್ನು ಕಾಂಗ್ರೆಸ್ 1980ರ ದಶಕದುದ್ದಕ್ಕೂ ಬಿಟ್ಟುಕೊಡಲಿಲ್ಲ. ಸೈಪ್ರಸ್ ವಿಷಯದಲ್ಲಿ ಆಗಿರುವ ಪ್ರಗತಿಯನ್ನು 60 ದಿನಕ್ಕೊಮ್ಮೆ ಅಧ್ಯಕ್ಷರು ಕಾಂಗ್ರೆಸ್ಸಿಗೆ ವರದಿ ಮಾಡಬೇಕೆಂಬ ಷರತ್ತು ಕಾನೂನಿಗೆ ಸೇರಿತು. ಜೊತೆಗೆ ಬೇಡದ ಒಂದು ಫಲವೂ ಬಂತು: ಪೆಟ್ಟು ತಿಂದ ಟರ್ಕಿ ಅಮೆರಿಕನ್ನರು 1979ರಲ್ಲಿ ತಮ್ಮದೇ ಒಕ್ಕೂಟ ಕಟ್ಟಿಕೊಂಡರು. ಎದುರಾಳಿಯೇ ಇಲ್ಲದ ಕಣ ಗ್ರೀಕರಿಗೆ ಮತ್ತೆ ಸಿಗಲಿಲ್ಲ.

ಈ ಯಂತ್ರ ಒಳಗೆ ಹೇಗೆ ತಿರುಗುತ್ತದೆ ಎಂಬುದನ್ನೂ ಹತ್ತಿರದಿಂದ ನೋಡಬೇಕು. ಕೆಳಮನೆಯ ಒಬ್ಬ ಸದಸ್ಯ ಸುಮಾರು 7 ಲಕ್ಷ 60 ಸಾವಿರ ಜನರ ಪ್ರತಿನಿಧಿ. ಅವರ ಕಚೇರಿಗೆ ಫೋನ್ ಮಾಡಿದರೆ ಎತ್ತುವವರು ಇಪ್ಪತ್ತರ ಆಸುಪಾಸಿನ ಹುಡುಗನೋ ಹುಡುಗಿಯೋ. ಕೇಳುವುದು ನಿಮ್ಮ ಜಿಪ್ ಕೋಡ್, ಅಂದರೆ ನಮ್ಮ ಪಿನ್‌ಕೋಡ್ ಇದ್ದಹಾಗೆ. ಅದು ಆ ಕ್ಷೇತ್ರದ್ದಲ್ಲದಿದ್ದರೆ ಮಾತು ಅಲ್ಲಿಗೇ ಮುಗಿದಂತೆ. ಕ್ಷೇತ್ರದ್ದಾದರೆ ವಿಷಯ, ಪರವೋ ವಿರೋಧವೋ ಎಂದು ಬರೆದುಕೊಳ್ಳುತ್ತಾರೆ. ಸಾವಿರಾರು ಮೈಲಿ ದೂರದಿಂದ ಒಂದೇ ಒಕ್ಕಣೆಯ ಐದು ಸಾವಿರ ಇಮೇಲ್ ಕಳಿಸುವುದಕ್ಕಿಂತ, ಕ್ಷೇತ್ರದೊಳಗಿನ ಹತ್ತು ಜನ ಊರಿನ ಕಚೇರಿಗೇ ಹೋಗಿ ಕೂತು ಮಾತಾಡುವುದು ಹೆಚ್ಚು ತೂಕದ್ದು. ಅಲ್ಲಿ ವಿದೇಶಾಂಗ ನೋಡಿಕೊಳ್ಳುವ ಸಹಾಯಕರ ಮೇಲೆ ಸಾಮಾನ್ಯವಾಗಿ ಇನ್ನೂ ಎರಡು ಮೂರು ವಿಷಯಗಳ ಹೊರೆ ಇರುತ್ತದೆ. ಅವರಿಗೆ ಬೇಕಾದದ್ದು ಒಂದು ಪುಟ: ಮಸೂದೆಯ ಸಂಖ್ಯೆ, ಅದರಲ್ಲಿ ಯಾವ ಕಲಂ, ಸದಸ್ಯರು ಏನು ಮಾಡಬೇಕು, ಯಾವ ದಿನದೊಳಗೆ. ಸಹಪ್ರಾಯೋಜಕರಾಗಬೇಕೋ, ಪತ್ರಕ್ಕೆ ಸಹಿ ಹಾಕಬೇಕೋ, ತಿದ್ದುಪಡಿಗೆ ಮತ ಕೊಡಬೇಕೋ? ‘ಎರಡೂ ದೇಶಗಳ ಬಾಂಧವ್ಯ ಗಟ್ಟಿಯಾಗಲಿ’ ಎಂದು ಹಾರೈಸಿ ಹೊರಟವರಿಗೆ ಕಾಫಿ, ಫೋಟೊ ಎರಡೂ ಸಿಗುತ್ತವೆ, ಮತ ಸಿಗುವುದಿಲ್ಲ. ಬಹುತೇಕ ಸಮುದಾಯ ಸಂಘಗಳು ಮುಗ್ಗರಿಸುವುದು ಇಲ್ಲೇ.

ವೇಳೆಯೂ ಮುಖ್ಯ. ಅಮೆರಿಕದ ಹಣಕಾಸು ವರ್ಷ ಶುರುವಾಗುವುದು ಅಕ್ಟೋಬರ್ 1ಕ್ಕೆ. ವಿದೇಶಿ ನೆರವಿನ ಸಾಲು ಸೇರಿಸಬೇಕೆಂದರೆ ಬೇಸಿಗೆಗೂ ಮೊದಲೇ ಸದಸ್ಯರ ಮೂಲಕ ಕೋರಿಕೆ ಸಮಿತಿಗೆ ತಲುಪಿರಬೇಕು. ದೊಡ್ಡ ಆಯುಧ ಮಾರಾಟವಾದರೆ ಅಧ್ಯಕ್ಷರು ಕಾಂಗ್ರೆಸ್ಸಿಗೆ ಔಪಚಾರಿಕ ಸೂಚನೆ ಕೊಟ್ಟು 30 ದಿನ ಕಾಯಬೇಕು. ನೇಟೊ ಮತ್ತು ಕೆಲವು ಆಪ್ತ ದೇಶಗಳಿಗೆ 15 ದಿನ. ಆ ಗಡುವಿನೊಳಗೆ ಆಗದ ಕೆಲಸ ಆಮೇಲೆ ಆಗುವುದು ಕಷ್ಟ. ಅಧ್ಯಕ್ಷರೇ ಅಖಾಡಕ್ಕಿಳಿದರೆ ಆ ಗಡುವಿನಲ್ಲೂ ಗೆಲ್ಲುವುದು ಕಠಿಣ. 1981ರಲ್ಲಿ ಸೌದಿ ಅರೇಬಿಯಾಕ್ಕೆ ಐದು ಅವಾಕ್ಸ್ ಕಣ್ಗಾವಲು ವಿಮಾನಗಳ ಮಾರಾಟವನ್ನು ಇಸ್ರೇಲ್ ಪರ ಸಂಘಟನೆಗಳು ಪೂರ್ತಿ ಬಲ ಹಾಕಿ ವಿರೋಧಿಸಿದವು. ಕೆಳಮನೆ 301-111ರಿಂದ ಮಾರಾಟ ಬೇಡ ಎಂದಿತು. ತಡೆಯಲು ಎರಡೂ ಸದನ ಬೇಕಿತ್ತು. ಅಧ್ಯಕ್ಷ ರೇಗನ್ ಸೆನೆಟರುಗಳ ಮನವೊಲಿಸಲು ಸ್ವತಃ ಕೂತರು. ಸೆನೆಟ್ 52-48ರಿಂದ ಮಾರಾಟ ಉಳಿಸಿತು. ವಾಷಿಂಗ್ಟನ್‌ನ ಅತ್ಯಂತ ಬಲಿಷ್ಠ ಸಮುದಾಯ ಲಾಬಿ ಎನಿಸಿಕೊಂಡದ್ದಕ್ಕೇ ಈ ಗತಿ.

ದುಡ್ಡಿನ ವಿಚಾರದಲ್ಲಿ ನಮ್ಮವರು ತಿಳಿದಿರಲೇಬೇಕಾದ ಗೆರೆಗಳಿವೆ. ಕನ್ನಡ ಕೂಟಗಳಂಥ ಸಾಂಸ್ಕೃತಿಕ, ಧಾರ್ಮಿಕ ಸಂಘಗಳು ಸಾಮಾನ್ಯವಾಗಿ ನೋಂದಣಿಯಾಗುವುದು ತೆರಿಗೆ ಕಾನೂನಿನ 501(ಸಿ)(3) ವರ್ಗದಲ್ಲಿ. ದಾನಿಗೆ ತೆರಿಗೆ ವಿನಾಯಿತಿ ಸಿಗುತ್ತದೆ, ಅದಕ್ಕೆ ಬದಲಾಗಿ ಚುನಾವಣೆಯಲ್ಲಿ ಯಾವ ಅಭ್ಯರ್ಥಿಯ ಪರವೂ ವಿರುದ್ಧವೂ ಸಂಘ ಬಾಯಿಬಿಡುವಂತಿಲ್ಲ; ಮಸೂದೆಗಳ ಬಗ್ಗೆ ಲಾಬಿಗೂ ಮಿತಿ ಇದೆ. ಯುಗಾದಿ ಕಾರ್ಯಕ್ರಮದ ವೇದಿಕೆಯಿಂದ ‘ಇವರಿಗೇ ಮತ ಹಾಕಿ’ ಎಂದರೆ ವಿನಾಯಿತಿಗೇ ಸಂಚಕಾರ. ಲಾಬಿಗೆ 501(ಸಿ)(4) ಸಂಸ್ಥೆ ಬೇರೆ, ಚುನಾವಣಾ ದೇಣಿಗೆಗೆ ರಾಜಕೀಯ ಕ್ರಿಯಾ ಸಮಿತಿ ಬೇರೆ ಬೇಕು. ಅಂಥ ಸಮಿತಿ ಹಲವು ಅಭ್ಯರ್ಥಿಗಳಿಗೆ ಕೊಡುವ ವರ್ಗದ್ದಾದರೆ ಒಬ್ಬ ಅಭ್ಯರ್ಥಿಗೆ ಒಂದು ಚುನಾವಣೆಗೆ 5,000 ಡಾಲರ್‌ವರೆಗೆ ಕೊಡಬಹುದು. ವ್ಯಕ್ತಿಯೊಬ್ಬರು 2025-26ರ ಅವಧಿಯಲ್ಲಿ 3,500 ಡಾಲರ್. ಪ್ರೈಮರಿ (ಪಕ್ಷದ ಅಭ್ಯರ್ಥಿಯನ್ನು ಆರಿಸುವ ಚುನಾವಣೆ) ಮತ್ತು ಮುಖ್ಯ ಚುನಾವಣೆಗೆ ಲೆಕ್ಕ ಬೇರೆ ಬೇರೆ. ನಾಗರಿಕರೂ ಗ್ರೀನ್ ಕಾರ್ಡ್ ಇರುವವರೂ ಕೊಡಬಹುದು. ಎಚ್‌-1ಬಿಯಲ್ಲಿರುವವರು ಒಂದು ಡಾಲರನ್ನೂ ಕೊಡುವಂತಿಲ್ಲ. ಗೆಳೆಯನ ಹೆಸರಲ್ಲಿ ಕೊಟ್ಟು ಆಮೇಲೆ ಅವನಿಗೆ ಹಣ ತುಂಬಿಕೊಡುವುದು ಅಪರಾಧ, ಇಬ್ಬರಿಗೂ ಕುತ್ತು.

ಇನ್ನೊಂದು ಗೆರೆ ಇದಕ್ಕಿಂತ ಸೂಕ್ಷ್ಮವಾದದ್ದು. ಸ್ವಂತ ಇಚ್ಛೆಯಿಂದ, ಸ್ವಂತ ಖರ್ಚಿನಲ್ಲಿ ತಾಯ್ನಾಡಿನ ಪರ ಮಾತಾಡುವುದು ಅಮೆರಿಕನ್ ಪ್ರಜೆಯ ಹಕ್ಕು. ವಿದೇಶಿ ಸರ್ಕಾರದ ಸೂಚನೆಯ ಮೇರೆಗೆ ಅದೇ ಕೆಲಸ ಮಾಡಿದರೆ 1938ರ ವಿದೇಶಿ ಏಜೆಂಟರ ನೋಂದಣಿ ಕಾಯ್ದೆ ಅನ್ವಯವಾಗುತ್ತದೆ: ಒಪ್ಪಿಕೊಂಡ ಹತ್ತು ದಿನದೊಳಗೆ ನ್ಯಾಯ ಇಲಾಖೆಯಲ್ಲಿ ನೋಂದಣಿ, ಆರು ತಿಂಗಳಿಗೊಮ್ಮೆ ಲೆಕ್ಕ. ಇಲ್ಲಿ ಕಾನೂನಿನ ಜೊತೆ ನಂಬಿಕೆಯ ಪ್ರಶ್ನೆಯೂ ಇದೆ. ರಾಯಭಾರ ಕಚೇರಿ ಬರೆದುಕೊಟ್ಟ ಮಾತನ್ನೇ ಓದುತ್ತಿದ್ದಾರೆ ಎಂದು ಒಮ್ಮೆ ಅನ್ನಿಸಿದರೆ ಆ ಸಮುದಾಯದ ಮಾತಿಗೆ ಇದ್ದ ಬೆಲೆ ಹೋಯಿತು.

ಈಗ ನಮ್ಮವರ ಕಥೆಗೆ ಬರೋಣ. 2005ರ ಜುಲೈ 18ರಂದು ಮನಮೋಹನ್ ಸಿಂಗ್ ಮತ್ತು ಬುಷ್ ನಾಗರಿಕ ಪರಮಾಣು ಸಹಕಾರದ ಹೇಳಿಕೆಗೆ ಒಪ್ಪಿದರು. ಅಣ್ವಸ್ತ್ರ ಪ್ರಸರಣ ತಡೆ ಒಪ್ಪಂದಕ್ಕೆ ಸಹಿ ಹಾಕದ ದೇಶ ಭಾರತ. ಹಾಗಾಗಿ ಅಮೆರಿಕದ 1954ರ ಅಣುಶಕ್ತಿ ಕಾಯ್ದೆಯಿಂದ ವಿನಾಯಿತಿ ಬೇಕು, ಅದನ್ನು ಕೊಡುವುದು ಕಾಂಗ್ರೆಸ್ಸೇ. ಜುಟ್ಟು ಸಿಕ್ಕಿತು. 1993ರಲ್ಲೇ ಕೆಳಮನೆಯಲ್ಲಿ ಭಾರತ ಕಾಕಸ್ ಎಂಬ ಸದಸ್ಯರ ಗುಂಪು ಹುಟ್ಟಿತ್ತು, 2004ರಲ್ಲಿ ಸೆನೆಟ್‌ನಲ್ಲೂ ಅಂಥದೊಂದು ಬಂದಿತ್ತು. ವೈದ್ಯರು, ಹೋಟೆಲ್ ಮಾಲೀಕರು, ಎಂಜಿನಿಯರುಗಳು ತಮ್ಮ ತಮ್ಮ ಕ್ಷೇತ್ರದ ಸದಸ್ಯರ ಬಾಗಿಲು ತಟ್ಟಿದರು. ಈ ವಿನಾಯಿತಿಗೆ ದಾರಿ ಮಾಡುವ ಹೈಡ್ ಕಾಯ್ದೆಯ ಮಸೂದೆಗೆ 2006ರ ಜುಲೈ 26ರಂದು ಕೆಳಮನೆಯಲ್ಲಿ 359-68, ನವೆಂಬರ್‌ನಲ್ಲಿ ಸೆನೆಟ್‌ನಲ್ಲಿ 85-12 ಮತ ಬಿತ್ತು. ಪರಮಾಣು ಪೂರೈಕೆದಾರರ ಗುಂಪಿನ ವಿನಾಯಿತಿ 2008ರ ಸೆಪ್ಟೆಂಬರ್ 6ರಂದು, ಸೆನೆಟ್‌ನ ಕೊನೆಯ ಒಪ್ಪಿಗೆ ಅಕ್ಟೋಬರ್ 1ರಂದು, 86-13ರಿಂದ.

ಇದನ್ನು ‘ಭಾರತೀಯ ಅಮೆರಿಕನ್ನರು ಮಾಡಿಸಿಕೊಟ್ಟ ಒಪ್ಪಂದ’ ಎಂದು ಹೇಳುವ ರೂಢಿಯಿದೆ. ಅದು ಅತಿಯಾಯಿತು. ಶ್ವೇತಭವನವೇ ಮುಂದೆ ನಿಂತು ತಳ್ಳುತ್ತಿತ್ತು. ರಿಯಾಕ್ಟರ್ ಮಾರುವ ಕಂಪನಿಗಳು ಜೊತೆಗಿದ್ದವು. ಭಾರತ ಸರ್ಕಾರವೂ ತನ್ನ ಶಕ್ತಿ ಹಾಕಿತ್ತು. ಸಮುದಾಯ ಗಾಡಿಯ ಚಕ್ರಕ್ಕೆ ಎಣ್ಣೆ ಬಿಟ್ಟಿತು, ಎತ್ತು ಬೇರೆಯದೇ ಇತ್ತು. ಅನುಮಾನವಿದ್ದರೆ 1995ನ್ನು ನೆನೆಯಿರಿ. ಪಾಕಿಸ್ತಾನಕ್ಕೆ ತಡೆಹಿಡಿದಿದ್ದ 368 ಮಿಲಿಯನ್ ಡಾಲರ್ ಬೆಲೆಯ ಆಯುಧಗಳನ್ನು ಬಿಡುಗಡೆ ಮಾಡುವ ಬ್ರೌನ್ ತಿದ್ದುಪಡಿಯನ್ನು ಇದೇ ಸಮುದಾಯ ವಿರೋಧಿಸಿತು. ಆಗ ಕ್ಲಿಂಟನ್ ಆಡಳಿತ ತಿದ್ದುಪಡಿಯ ಪರ ಇತ್ತು. ಸೆನೆಟ್‌ನಲ್ಲಿ ಅದು 55-45ರಿಂದ ಪಾಸಾಯಿತು.

ಒಪ್ಪಂದದಿಂದ ನೆಲದ ಮೇಲೆ ಆದದ್ದೇನು ಎಂದು ಕೇಳಿದರೆ ನಮ್ಮ ಉತ್ತರ ಕನ್ನಡದವರೆಗೂ ಬರಬೇಕಾಗುತ್ತದೆ. ಭಾರತ ತನ್ನ 22 ರಿಯಾಕ್ಟರುಗಳಲ್ಲಿ 14ನ್ನು ಅಂತರರಾಷ್ಟ್ರೀಯ ತಪಾಸಣೆಗೆ ಒಪ್ಪಿಸಿತು. ಆಮದು ಯುರೇನಿಯಂ ಹೋಗುವುದು ಅಂಥವಕ್ಕೆ ಮಾತ್ರ. ಕಾಳಿ ನದಿಯ ದಡದ ಕೈಗಾದ ನಾಲ್ಕು 220 ಮೆಗಾವ್ಯಾಟ್ ಘಟಕಗಳು ಆ ಪಟ್ಟಿಯ ಹೊರಗೆ ಉಳಿದವು. ಅವಕ್ಕೆ ಸ್ವದೇಶಿ ಯುರೇನಿಯಂ. ತಪಾಸಣೆಗೆ ಒಳಪಟ್ಟ ಘಟಕಗಳಿಗೆ ಇಂಧನದ ಬರ ನೀಗಿತು, ಇದು ದೊಡ್ಡ ಲಾಭವೇ. ಆದರೆ ಅಮೆರಿಕನ್ ಕಂಪನಿಗಳು ಕನಸಿದ ರಿಯಾಕ್ಟರ್ ಒಂದೂ ಮೇಲೇಳಲಿಲ್ಲ. 2010ರ ಪರಮಾಣು ಹೊಣೆಗಾರಿಕೆ ಕಾಯ್ದೆ ಅಪಘಾತವಾದರೆ ಪೂರೈಕೆದಾರರನ್ನೂ ಹೊಣೆ ಮಾಡಿತ್ತು. ಭೋಪಾಲ್ ಕಂಡ ದೇಶ ಹಾಗೆ ಮಾಡಿದ್ದರಲ್ಲಿ ಆಶ್ಚರ್ಯವಿಲ್ಲ.

ಸಮುದಾಯ ಒಂದೇ ದನಿಯಲ್ಲಿ ಮಾತಾಡುತ್ತದೆ ಎಂಬುದೂ ಭ್ರಮೆ. 2019ರ ಡಿಸೆಂಬರ್‌ನಲ್ಲಿ ಕಾಶ್ಮೀರದ ಸಂಪರ್ಕ ನಿರ್ಬಂಧ ತೆಗೆಯಿರಿ ಎಂದು ಭಾರತವನ್ನು ಒತ್ತಾಯಿಸುವ ನಿರ್ಣಯವನ್ನು ಕೆಳಮನೆಯಲ್ಲಿ ಮಂಡಿಸಿದವರು ಚೆನ್ನೈನಲ್ಲಿ ಹುಟ್ಟಿದ ಪ್ರಮೀಳಾ ಜಯಪಾಲ್. ಅವರು ಅಲ್ಲಿ ಕೂತಿರುವುದು ಸಿಯಾಟಲ್‌ನ ಮತದಾರರ ಪರವಾಗಿ. ಅದನ್ನು ಮರೆತು ‘ನಮ್ಮವರಾಗಿ ಹೀಗೆ ಮಾಡಬಹುದೇ’ ಎಂದು ಕೇಳುವುದು ಸರಿಯಲ್ಲ.

ಕ್ಯೂಬಾ ಮತ್ತು ಆರ್ಮೇನಿಯಾದ ಪಾಠಗಳನ್ನು ಚುಟುಕಾಗಿ ಹೇಳುತ್ತೇನೆ. ಫ್ಲಾರಿಡಾದ ಕ್ಯೂಬನ್ನರು 1981ರಲ್ಲಿ ಕಟ್ಟಿದ ಪ್ರತಿಷ್ಠಾನ ಒಂದೇ ರಾಜ್ಯದಲ್ಲಿ ಮತ ಕೂಡಿಸಿಟ್ಟಿತ್ತು. ಅಧ್ಯಕ್ಷ ಚುನಾವಣೆಯಲ್ಲಿ ಆ ರಾಜ್ಯ ಯಾವ ಕಡೆಗೂ ವಾಲಬಹುದಾಗಿತ್ತು. 1996ರ ಫೆಬ್ರುವರಿ 24ರಂದು ಮಿಯಾಮಿಯ ವಲಸಿಗರ ಗುಂಪೊಂದರ ಎರಡು ಪುಟ್ಟ ವಿಮಾನಗಳನ್ನು ಕ್ಯೂಬಾ ಹೊಡೆದುರುಳಿಸಿ ನಾಲ್ವರು ಸತ್ತರು. ಮೂರೇ ವಾರದೊಳಗೆ ಹೆಲ್ಮ್ಸ್-ಬರ್ಟನ್ ಕಾಯ್ದೆಗೆ ಕ್ಲಿಂಟನ್ ಸಹಿ ಬಿತ್ತು. ಅದುವರೆಗೆ ಅಧ್ಯಕ್ಷರ ಆದೇಶದ ಮೇಲೆ ನಿಂತಿದ್ದ ವ್ಯಾಪಾರ ನಿರ್ಬಂಧ ಕಾನೂನಾಯಿತು. ಒಬಾಮಾ ರಾಯಭಾರ ಕಚೇರಿ ತೆರೆದರೂ ನಿರ್ಬಂಧ ತೆಗೆಯಲು ಆಗಲಿಲ್ಲ. ಅದಕ್ಕೆ ತೂತು ಕೊರೆದದ್ದು ಇನ್ನೊಂದು ಲಾಬಿ: ಧಾನ್ಯ ಬೆಳೆಯುವ ರಾಜ್ಯಗಳ ರೈತರು. 2000ದ ಕಾಯ್ದೆ ಕ್ಯೂಬಾಕ್ಕೆ ಆಹಾರ ಮಾರಲು ಬಿಟ್ಟಿತು, ಹಣ ಮುಂಗಡವಾಗಿ ಕೊಟ್ಟರೆ ಇಲ್ಲವೇ ಮೂರನೇ ದೇಶದ ಬ್ಯಾಂಕ್ ಸಾಲ ಒದಗಿಸಿದರೆ ಮಾತ್ರ.

ಆರ್ಮೇನಿಯನ್ ಅಮೆರಿಕನ್ನರು 1992ರಲ್ಲಿ ಆರ್ಮೇನಿಯಾದ ಎದುರಾಳಿ ಅಜರ್‌ಬೈಜಾನ್‌ಗೆ ನೇರ ಸರ್ಕಾರಿ ನೆರವು ತಡೆಯುವ 907ನೇ ಕಲಂ ಬರೆಸಿದರು. ಸೆಪ್ಟೆಂಬರ್ 11ರ ದಾಳಿಯ ನಂತರ ಅಧ್ಯಕ್ಷರಿಗೆ ಅದನ್ನು ಬದಿಗಿಡುವ ಅಧಿಕಾರ ಸಿಕ್ಕಿತು. ಸುಮಾರು ಎರಡು ದಶಕ ವರ್ಷವರ್ಷ ಬದಿಗಿಡುತ್ತಲೇ ಬಂದರು. ಟರ್ಕಿಯ ಒಟ್ಟೊಮನ್ ಆಡಳಿತದಲ್ಲಿ 1915ರಲ್ಲಿ ನಡೆದ ಆರ್ಮೇನಿಯನ್ನರ ನರಮೇಧವನ್ನು ಒಪ್ಪಿಕೊಳ್ಳಿ ಎಂಬ ದಶಕಗಳ ಬೇಡಿಕೆ ಈಡೇರಿದ್ದು 2019ರಲ್ಲಿ, ಕೆಳಮನೆಯಲ್ಲಿ 405-11. ಟರ್ಕಿ ಉತ್ತರ ಸಿರಿಯಾಕ್ಕೆ ನುಗ್ಗಿ, ರಷ್ಯಾದ ಕ್ಷಿಪಣಿ ಕೊಂಡು ಅಮೆರಿಕದ ಕೋಪಕ್ಕೆ ಗುರಿಯಾಗಿದ್ದ ಹೊತ್ತು ಅದು. ಸತ್ಯಕ್ಕೆ ಮಾನ್ಯತೆ ಸಿಕ್ಕಿದ್ದು ಸಣ್ಣ ಮಾತಲ್ಲ. ಆದರೆ 2023ರ ಸೆಪ್ಟೆಂಬರ್‌ನಲ್ಲಿ ಅಜರ್‌ಬೈಜಾನ್ ಆರ್ಮೇನಿಯನ್ನರು ವಾಸವಿದ್ದ ನಾಗೋರ್ನೊ-ಕರಾಬಖ್ ಪ್ರದೇಶಕ್ಕೆ ನುಗ್ಗಿ, ಒಂದು ಲಕ್ಷಕ್ಕೂ ಹೆಚ್ಚು ಆರ್ಮೇನಿಯನ್ನರು ಕೆಲವೇ ದಿನಗಳಲ್ಲಿ ಮನೆ ಬಿಟ್ಟು ಹೊರಟಾಗ ವಾಷಿಂಗ್ಟನ್‌ನ ಯಾವ ಕಲಮೂ ಅಡ್ಡ ಬರಲಿಲ್ಲ.

ಮೊದಲು ಕೇಳಿದ ಪ್ರಶ್ನೆಗೆ ಈಗ ಉತ್ತರಿಸಬಹುದು. 2025ರ ಸುಂಕ ಬಂದದ್ದು ತುರ್ತು ಅಧಿಕಾರದ ಕಾಯ್ದೆಯಡಿ ಅಧ್ಯಕ್ಷರ ಆದೇಶವಾಗಿ. ಎಚ್‌-1ಬಿ ಶುಲ್ಕವೂ ಘೋಷಣೆಯಾಗಿಯೇ ಬಂತು. ಮಸೂದೆ ಇಲ್ಲ, ಸಮಿತಿ ಇಲ್ಲ, ಎಣಿಸಲು ಮತಗಳಿಲ್ಲ. ಕ್ಷೇತ್ರದ ಕಚೇರಿಗೆ ಹೋಗಿ ಕೂತರೂ ‘ಇದಕ್ಕೆ ಮತ ಕೊಡಬೇಡಿ’ ಎಂದು ಕೇಳಲು ಅಲ್ಲಿ ಏನೂ ಇರಲಿಲ್ಲ. ತುರ್ತು ಪರಿಸ್ಥಿತಿಯನ್ನು ಕೊನೆಗೊಳಿಸುವ ಜಂಟಿ ನಿರ್ಣಯವನ್ನು ಕಾಂಗ್ರೆಸ್ ತರಬಹುದು. ಆದರೆ 1983ರಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪಿನ ನಂತರ ಅಂಥ ನಿರ್ಣಯ ಅಧ್ಯಕ್ಷರ ಮೇಜಿಗೇ ಹೋಗಬೇಕು, ಅವರು ವೀಟೊ ಮಾಡಬಹುದು. ವೀಟೊ ಮೀರಲು ಎರಡೂ ಸದನಗಳಲ್ಲಿ ಮೂರನೇ ಎರಡರಷ್ಟು ಬಹುಮತ ಬೇಕು: ಎಲ್ಲರೂ ಹಾಜರಿದ್ದರೆ ಕೆಳಮನೆಯಲ್ಲಿ 290, ಸೆನೆಟ್‌ನಲ್ಲಿ 67.